ಗಡಿ ದಾಟಿದ ಕೂಲಿಯವನು ಯಾವ ಭಾಷೆಯವನು?

ಗಡಿನಾಡ ಕನ್ನಡಿಗರ ಸಮಸ್ಯೆ ಎಂದೊಡನೆ ನಮ್ಮ ಬಾಯಿಗೆ ಬರುವುದು ಶಾಲೆ, ನಾಮಫಲಕ, ಮಹಾಜನ ವರದಿ. ಇವು ಬೇಡವೆಂದು ನಾನು ಹೇಳುವವನಲ್ಲ. ಆದರೆ ಗಡಿನಾಡಿನಲ್ಲಿ ಹೊಲಗೇರಿಯೂ ಇದೆ, ನೆಲವಿಲ್ಲದ ಕೂಲಿಯವನೂ ಇದ್ದಾನೆ, ಅವನು ಬದುಕಲಿಕ್ಕಾಗಿ ಬೆಂಗಳೂರಿಗೆ ಹೋಗಿ ತಗಡಿನ ಶೆಡ್ಡಿನಲ್ಲಿ ಮಲಗುತ್ತಾನೆ ಎಂಬುದನ್ನು ನಮ್ಮ ಸಮ್ಮೇಳನಗಳು ಎಷ್ಟು ಸಲ ನೆನೆದಿವೆ? ಭಾಷೆಯ ಲೆಕ್ಕಕ್ಕೆ ತಲೆ ಎಣಿಸುವಾಗ ಅವನೂ ಒಂದು ತಲೆ. ಎಣಿಕೆ ಮುಗಿದ ಮೇಲೆ ಅವನು ಯಾರಿಗೂ ಬೇಡ.

ಕಾಸರಗೋಡಿನ ಓದುಗರಲ್ಲಿ ಹೆಚ್ಚಿನವರಿಗೆ ನಮ್ಮ ಮಾರಂಡಹಳ್ಳಿಯ ಪರಿಚಯವಿರಲಾರದು. ತಮಿಳುನಾಡಿನ ಧರ್ಮಪುರಿ ಜಿಲ್ಲೆ, ಪಾಲಕ್ಕೋಡು ತಾಲೂಕಿನ ಒಂದು ಪಟ್ಟಣ ಪಂಚಾಯಿತಿ. ಹೆಸರಿನ ಕೊನೆಯ 'ಹಳ್ಳಿ'ಯೇ ಅದರ ಹಳೆಯ ನಂಟನ್ನು ಹೇಳುತ್ತದೆ. 1965ರವರೆಗೆ ಈ ಸೀಮೆ ಸೇಲಂ ಜಿಲ್ಲೆಯ ಭಾಗ. 1967ರಲ್ಲಿ ವರದಿ ಕೊಟ್ಟ ಮಹಾಜನ ಆಯೋಗ ನೋಡಿದ್ದು ಮಹಾರಾಷ್ಟ್ರ, ಕೇರಳಗಳ ಕಡೆಯ ಗಡಿಯನ್ನು. ಚಂದ್ರಗಿರಿ ಹೊಳೆಯ ಉತ್ತರಕ್ಕೆ ಎಂಬ ಒಂದು ಮಾತಾದರೂ ನಿಮಗೆ ದಕ್ಕಿತು; ನಮ್ಮ ಕಡೆಗೆ ಅದು ತಿರುಗಿಯೂ ನೋಡಲಿಲ್ಲ. ಟೊಮೆಟೊ, ಕಬ್ಬು, ಮಾವು ಬೆಳೆಯುವ ನೆಲವೇನೋ ಹೌದು. ನೆಲ ಯಾರದು ಎಂದು ಕೇಳಿದರೆ ಮಾತು ನಿಲ್ಲುತ್ತದೆ. ಮಳೆ ಕೈಕೊಟ್ಟ ವರ್ಷ ನೆಲವಿಲ್ಲದವನಿಗೆ ಉಳಿಯುವುದು ಸೇಲಂ–ಬೆಂಗಳೂರು ರೈಲು ಹಾದಿ. ಆ ಹಾದಿಯಲ್ಲಿ ಮಾರಂಡಹಳ್ಳಿಗೂ ಒಂದು ಸ್ಟೇಷನ್ನಿದೆ. ರಾಯಕೋಟೆ, ಹೊಸೂರು ದಾಟಿದರೆ ಕರ್ನಾಟಕ.

ದಾಟಿದ ಮೇಲೆ ಅವನು ಯಾರು? ಮನೆಯಲ್ಲಿ ಆಡುವುದು ಕನ್ನಡವಾದರೂ ಅದರಲ್ಲಿ ತಮಿಳಿನ ರಾಗವಿದೆ, ರೇಷನ್ ಕಾರ್ಡು ತಮಿಳಿನದು. ಬೆಂಗಳೂರಿಗೆ ಅವನು ತಮಿಳ. ಊರಿಗೆ ಮರಳಿದರೆ ಕನ್ನಡದವನು. ಊರಿನೊಳಗೆ ಇನ್ನೂ ಒಂದು ಗೆರೆ ಇದೆ, ಅಲ್ಲಿ ಅವನು ಕಾಲನಿಯವನು. ಕಾವೇರಿ ನ್ಯಾಯಮಂಡಳಿಯ ಮಧ್ಯಂತರ ಆದೇಶದ ಗಲಾಟೆಯಲ್ಲಿ, 1991ರ ಡಿಸೆಂಬರಿನಲ್ಲಿ, ಬೆಂಗಳೂರಿನಲ್ಲಿ ಹೆಚ್ಚು ಏಟು ತಿಂದವರು ಗುಡಿಸಲುಗಳಲ್ಲಿದ್ದ ತಮಿಳು ಕೂಲಿಕಾರರು. ಅಂಥ ಹೊತ್ತಿನಲ್ಲಿ ಮನೆಮಾತು ಯಾವುದೆಂದು ವಿಚಾರಿಸಿ ಹೊಡೆಯುವ ವ್ಯವಧಾನ ಯಾರಿಗಿರುತ್ತದೆ? ನೀರಿನ ಜಗಳ ಎರಡು ಸರಕಾರಗಳದು. ಗಂಟು ಮೂಟೆ ಹೊತ್ತು ಓಡಿದವರಿಗೆ ಒಂದು ಸೆಂಟು ಗದ್ದೆಯೂ ಇರಲಿಲ್ಲ.

ಕಾನೂನುಗಳಿಗೆ ಬರವಿಲ್ಲ. ಅಂತರರಾಜ್ಯ ವಲಸೆ ಕಾರ್ಮಿಕರ ಕಾಯ್ದೆ 1979ರಲ್ಲೇ ಬಂತು. ಕರೆದೊಯ್ಯುವ ಗುತ್ತಿಗೆದಾರನಿಗೆ ಲೈಸೆನ್ಸು, ಕೂಲಿಯವನಿಗೆ ಪ್ರಯಾಣ ಭತ್ಯೆ, ಇರಲಿಕ್ಕೆ ಜಾಗ, ಎಲ್ಲವೂ ಅದರಲ್ಲಿತ್ತು. ಮೇಸ್ತ್ರಿ ಫೋನು ಮಾಡಿ ಹತ್ತು ಆಳು ಬೇಕೆಂದರೆ ಲೈಸೆನ್ಸು ಕೇಳುವವರು ಯಾರು? 2020ರಲ್ಲಿ ಸಂಸತ್ತು ಅದನ್ನು ಹೊಸ ಸಂಹಿತೆಯೊಂದರಲ್ಲಿ ಸೇರಿಸಿತು. ಅದೇ 2020ರ ಮೇ ತಿಂಗಳಲ್ಲಿ, ಲಾಕ್‌ಡೌನಿನ ನಡುವೆ, ಕರ್ನಾಟಕ ಸರಕಾರ ಕಟ್ಟಡ ನಿರ್ಮಾಣದ ದೊಡ್ಡವರೊಡನೆ ಮಾತಾಡಿದ ಬೆನ್ನಿಗೇ ಹೊರರಾಜ್ಯದ ಕೂಲಿಕಾರರ ಶ್ರಮಿಕ ರೈಲುಗಳು ಬೇಡವೆಂದಿತು. ದೇಶವೆಲ್ಲ ಛೀ ಎಂದ ಮೇಲೆ ಒಂದೆರಡು ದಿನಗಳಲ್ಲಿ ಮಾತು ಹಿಂತೆಗೆಯಿತು. ಆದರೆ ಆಳುಗಳನ್ನು ಕಟ್ಟಿಹಾಕಬಹುದು ಎಂಬ ಯೋಚನೆ ಬಂದದ್ದಾದರೂ ಎಲ್ಲಿಂದ? ಜೀತ ಪದ್ಧತಿಯನ್ನು 1976ರ ಕಾಯ್ದೆಯಲ್ಲಿ ರದ್ದು ಮಾಡಿದ ದೇಶವಿದು. ಇನ್ನು ನಗರದಲ್ಲೇ ಬೇರೂರಿದ ಬಡವರ ಪಾಡು ನೋಡಬೇಕೆಂದಿದ್ದರೆ 2013ರ ಜನವರಿಯ ಈಜಿಪುರವನ್ನು ನೆನೆಯಿರಿ. ದುರ್ಬಲ ವರ್ಗದವರ ವಸತಿಯ ಜಾಗದಿಂದ ಸುಮಾರು 1500 ಕುಟುಂಬಗಳನ್ನು ಚಳಿಯಲ್ಲಿ ಬೀದಿಗೆ ಹಾಕಲಾಯಿತು.

ಇದನ್ನೆಲ್ಲ ಕೇಳಿ ನಮ್ಮ ಹಿರಿಯರು ಕೆಲವರು, ಊರಲ್ಲೇ ಇದ್ದಿದ್ದರೆ ಗಂಜಿಯಾದರೂ ಸಿಗುತ್ತಿತ್ತು, ಪೇಟೆ ಕೆಡಿಸಿತು ಎನ್ನುತ್ತಾರೆ. ಈ ಮಾತಿನಷ್ಟು ಸುಳ್ಳು ಬೇರೊಂದಿಲ್ಲ. ಅವನು ಹೊರಟದ್ದು ಹಸಿವಿನಿಂದ ಮಾತ್ರವೇ? ಚಹಾದಂಗಡಿಯ ಬೇರೆ ಲೋಟದಿಂದಲೂ ಹೊರಟಿದ್ದಾನೆ. ಹಳ್ಳಿಯನ್ನು ಹೊಗಳುವವರಿಗೆ ಅಂಬೇಡ್ಕರರು 1948ರಲ್ಲೇ ಸಂವಿಧಾನ ಸಭೆಯಲ್ಲಿ ಉತ್ತರ ಕೊಟ್ಟಿದ್ದಾರೆ. ಅದು ಸಾಲದಿದ್ದರೆ ನಮ್ಮ ಜಿಲ್ಲೆಯದೇ ಉದಾಹರಣೆ ಇದೆ. 2012ರ ನವೆಂಬರ್ 7ರಂದು ಧರ್ಮಪುರಿ ಬಳಿಯ ನಾಯಕ್ಕನ್‌ಕೊಟ್ಟಾಯ್‌ನಲ್ಲಿ ಒಂದು ಜಾತಿ ಮೀರಿದ ಮದುವೆಯ ನೆಪದಲ್ಲಿ ನತ್ತಂ, ಅಣ್ಣಾನಗರ, ಕೊಂಡಂಪಟ್ಟಿ ಎಂಬ ಮೂರು ದಲಿತ ಕಾಲನಿಗಳ ಇನ್ನೂರಕ್ಕೂ ಹೆಚ್ಚು ಮನೆಗಳನ್ನು ಲೂಟಿಮಾಡಿ ಸುಟ್ಟರು. ಅವರಲ್ಲಿ ಎಷ್ಟೋ ಮಂದಿ ಬೆಂಗಳೂರು, ತಿರುಪ್ಪೂರುಗಳಲ್ಲಿ ದುಡಿದು ಮನೆ ಕಟ್ಟಿಕೊಂಡವರು. ಬೈಕು, ಟಿ.ವಿ., ಬೀರುವಿನೊಳಗಿನ ಸೀರೆ ಯಾವುದನ್ನೂ ಬಿಡಲಿಲ್ಲ. ಪೇಟೆಯಲ್ಲಿ ಬೆವರು ಸುರಿಸಿ ತಂದ ಮಾನ ಊರಿನವರ ಕಣ್ಣಿಗೆ ಚುಚ್ಚಿತು. ಅವರ ಮಾತು ತಮಿಳು, ಸುಟ್ಟವರ ಮಾತೂ ತಮಿಳೇ. ಒಂದೇ ತಾಯಿನುಡಿ ಯಾರನ್ನು ಕಾಪಾಡಿತು?

ಕನ್ನಡವಾದರೆ ಕಾಪಾಡುತ್ತಿತ್ತೆಂದು ಎದೆ ತಟ್ಟಿ ಹೇಳಬಲ್ಲವರು ಮುಂದೆ ಬರಲಿ. 2006ರ ತಮಿಳು ಕಲಿಕೆ ಕಾಯ್ದೆ ಬಂದಾಗ ಭಾಷಾ ಅಲ್ಪಸಂಖ್ಯಾತರು ಕೋರ್ಟಿನ ಮೆಟ್ಟಿಲು ಹತ್ತಿದರು, ಸರಿಯೇ. ಅಪ್ಪ ಅಮ್ಮ ಬಾಣಲಿ ಹೊರುವಾಗ ಮರಳುಗುಡ್ಡೆಯ ಮೇಲೆ ತಮ್ಮನನ್ನು ನೋಡಿಕೊಂಡು ಕೂತ ಹುಡುಗಿಗೆ ಕನ್ನಡ ಶಾಲೆಯೂ ಇಲ್ಲ, ತಮಿಳು ಶಾಲೆಯೂ ಇಲ್ಲ. ಅವಳ ಪರವಾಗಿ ಯಾವ ಮೆಟ್ಟಿಲು ಹತ್ತಿದ್ದೇವೆ?

ನೀವಿರುವ ಕೇರಳದಲ್ಲಿ ಹೊರಗಿನ ಕೂಲಿಯವನನ್ನು 'ಅತಿಥಿ ತೊಳಿಲಾಳಿ' ಎನ್ನುತ್ತಾರೆ. ಹೆಸರಿನಿಂದ ಹೊಟ್ಟೆ ತುಂಬದು, ಅತಿಥಿಯನ್ನು ಅಂಗಳದಲ್ಲೇ ನಿಲ್ಲಿಸುವ ಮನೆಗಳು ಅಲ್ಲಿಯೂ ಇವೆ. ಆದರೂ 2019ರಲ್ಲಿ ಪಾಲಕ್ಕಾಡಿನ ಕಂಜಿಕೋಡಿನಲ್ಲಿ 640 ಮಂದಿ ಮಲಗುವಷ್ಟು ದೊಡ್ಡ ವಸತಿಯನ್ನು ಸರಕಾರವೇ ತೆರೆಯಿತು. ಬೆಂಗಳೂರಿನ ನೂರಾರು ಮಹಡಿಗಳನ್ನು ಎಬ್ಬಿಸಿದ ನಮ್ಮ ಜನಕ್ಕೆ ಕರ್ನಾಟಕ ಅಂಥದ್ದೊಂದು ಮಾಡಲಿ ಎಂದು ಕೇಳುವ ಹಕ್ಕು ಗಡಿನಾಡ ಸಂಘಗಳಿಗಿಂತ ಹೆಚ್ಚಾಗಿ ಯಾರಿಗಿದೆ? ರಾಜ್ಯೋತ್ಸವಕ್ಕೆ ಮಂತ್ರಿಗಳನ್ನು ಕರೆದು ಶಾಲು ಹೊದೆಸುತ್ತೇವಲ್ಲ, ಆಗ ಕೈಗೆ ಕೊಡುವ ಮನವಿಯಲ್ಲಿ ಇದೂ ಒಂದು ಸಾಲಾಗಲಿ. ಕಟ್ಟಡ ಕಾರ್ಮಿಕರ ಮಂಡಳಿಗೆ ಹೆಸರು ಬರೆಸಲು ಕನ್ನಡ ಸಂಘದ ಕೋಣೆಯಲ್ಲಿ ವಾರಕ್ಕೊಂದು ದಿನ ಒಬ್ಬ ಕುಳಿತರೆ ಖರ್ಚೇನೂ ಬಾರದು. ಅದಕ್ಕೆ ಮೊದಲು ಆ ಕೋಣೆಯ ಹೊಸ್ತಿಲನ್ನು ಕಾಲನಿಯವನು ದಾಟುವಂತಾಗಬೇಕು. ಎಷ್ಟು ಸಂಘಗಳ ಕಾರ್ಯಕಾರಿ ಸಮಿತಿಯಲ್ಲಿ ಅವನ ಹೆಸರಿದೆ ಎಂದು ಮುಂದಿನ ವಾರ್ಷಿಕದೊಳಗೆ ಯಾರಾದರೂ ಲೆಕ್ಕ ಹಾಕಿ ಬರೆಯಿರಿ.