ದತ್ತಾಂಶ ಸೋರಿಕೆ: ತಿಳಿಸುವ ಹೊಣೆ ಮುಂದೂಡಬೇಡಿ

ವೈಯಕ್ತಿಕ ದತ್ತಾಂಶ ಸೋರಿಕೆಯಾದರೆ ಬಾಧಿತರಿಗೆ ತಡಮಾಡದೆ ತಿಳಿಸಬೇಕೆಂಬ ನಿಯಮವನ್ನು ಕೇಂದ್ರ ಸರ್ಕಾರ 2025ರ ನವೆಂಬರ್‌ನಲ್ಲಿ ಪ್ರಕಟಿಸಿತು. ಆದರೆ ಅದರ ಜಾರಿಗೆ 18 ತಿಂಗಳ ಕಾಲಾವಕಾಶವನ್ನೂ ಕೊಟ್ಟಿತು. ಈ ವಿಳಂಬ ಒಪ್ಪತಕ್ಕದ್ದಲ್ಲ. ಉದಾಹರಣೆಗೆ, 2023ರ ಜೂನ್‌ನಲ್ಲಿ ಕೋವಿಡ್ ಲಸಿಕೆಯ ಜಾಲತಾಣವಾದ ಕೋವಿನ್‌ನ ನೋಂದಣಿ ವಿವರಗಳು ಟೆಲಿಗ್ರಾಂನಲ್ಲಿ ಬಯಲಾಗಿದ್ದವು. ಮೊಬೈಲ್ ಸಂಖ್ಯೆ ನಮೂದಿಸಿದರೆ ಸಾಕು, ಹೆಸರು, ಗುರುತಿನ ಚೀಟಿಯ ಸಂಖ್ಯೆ, ಲಸಿಕೆ ಹಾಕಿಸಿಕೊಂಡ ಕೇಂದ್ರ ಎಲ್ಲವೂ ಕಾಣಿಸುತ್ತಿದ್ದವು. ಆರೋಗ್ಯ ಸಚಿವಾಲಯ ಆ ವರದಿಗಳನ್ನು ಆಧಾರರಹಿತ ಎಂದು ತಳ್ಳಿಹಾಕಿತು. ಆದರೆ ಕೆಲವೇ ದಿನಗಳಲ್ಲಿ ಇದೇ ಪ್ರಕರಣದಲ್ಲಿ ಪೊಲೀಸರು ಬಿಹಾರದಲ್ಲಿ ಒಬ್ಬನನ್ನು ಬಂಧಿಸಿದರು.

ಇಂಥ ನಿರಾಕರಣೆಯ ಪೆಟ್ಟು ಬೀಳುವುದು ಹಳ್ಳಿಯ ಆಶಾ ಕಾರ್ಯಕರ್ತೆಯರ ಮೇಲೆ. ಲಸಿಕೆಗೆ ಹೆದರಿದವರ ಮನೆಬಾಗಿಲಲ್ಲಿ ನಿಂತು, ಮನವೊಲಿಸಿ, ಆಧಾರ್ ಸಂಖ್ಯೆ ಬರೆದುಕೊಂಡವರು ಅವರು. ನಾಳೆ ಅದೇ ಬಾಗಿಲಲ್ಲಿ ಕ್ಷಯದ ಲಕ್ಷಣವನ್ನೋ ಗರ್ಭಿಣಿಯ ವಿವರವನ್ನೋ ಕೇಳಿದಾಗ ಜನ ಬಾಯಿ ಬಿಡದಿದ್ದರೆ ಚಿಕಿತ್ಸೆಯೇ ತಡವಾಗುತ್ತದೆ. ಭದ್ರತೆ, ಸಾರ್ವಜನಿಕ ಸುವ್ಯವಸ್ಥೆಯ ಹೆಸರಿನಲ್ಲಿ ಸರ್ಕಾರಿ ಸಂಸ್ಥೆಗಳಿಗೆ ವಿನಾಯಿತಿ ಕೊಡಲು ದತ್ತಾಂಶ ರಕ್ಷಣಾ ಕಾಯ್ದೆಯಲ್ಲಿ ಅವಕಾಶವಿದೆ. ಆರೋಗ್ಯ, ಪಡಿತರ, ಪಿಂಚಣಿ ಇಲಾಖೆಗಳಿಗೆ ಆ ವಿನಾಯಿತಿ ಸಲ್ಲದು. ಏನು ಸೋರಿತು, ಯಾರದು ಸೋರಿತು ಎಂಬುದನ್ನು ಜನರಿಗೆ ಅವರ ಭಾಷೆಯಲ್ಲೇ ತಿಳಿಸುವ ಕೆಲಸವನ್ನು ಇಲಾಖೆಗಳು ಗಡುವಿಗೆ ಕಾಯದೆ ಈಗಲೇ ಆರಂಭಿಸಬೇಕು.