ಇಪ್ಪತ್ತಾರು ವರ್ಷದ ಅಜ್ಜಿ

ಹೋದ ಭಾನುವಾರ ನಮ್ಮ ಮನೆಯಲ್ಲಿ ಮೊಸರನ್ನಕ್ಕೆ ಉಪ್ಪಿನಕಾಯಿ ಇರಲಿಲ್ಲ. ಅಂದರೆ, ಉಪ್ಪಿನಕಾಯಿ ಇತ್ತು, ಬಾಟಲಿಯ ಮುಚ್ಚಳ ಬರಲಿಲ್ಲ. ಸೆರಗಿನಲ್ಲಿ ಹಿಡಿದು ತಿರುಗಿಸಿದೆ, ಬಿಸಿನೀರಿನಲ್ಲಿ ಇಟ್ಟು ನೋಡಿದೆ, ತಳಕ್ಕೆ ತಟ್ಟಿದೆ. ಊಹೂಂ. ಊಟ ಮುಗಿದ ಮೇಲೆ ಐದನೇ ಕ್ಲಾಸಿನ ಮೊಮ್ಮಗ ಆಟದಿಂದ ಬಂದ. ಒಂದೇ ತಿರುವಿಗೆ ಮುಚ್ಚಳ ತೆಗೆದು, "ಇಷ್ಟೇನಾ ಅಜ್ಜಿ?" ಅಂದ.

ಈ ಪುಟ ಓದುವ ಅಜ್ಜ-ಅಜ್ಜಿಯರಿಗೆ ಆ "ಇಷ್ಟೇನಾ" ಹೊಸದಲ್ಲ. ಮಕ್ಕಳೇ, ಇದು ನಿಮ್ಮ ಮೇಲಿನ ದೂರಲ್ಲ. ನಿಮ್ಮ ಬೆರಳಿಗೆ ನಮ್ಮ ಬೆರಳಿನ ಕಷ್ಟ ಗೊತ್ತಾಗುವುದು ಹೇಗೆ? ಆದರೆ ಅದನ್ನು ಗೊತ್ತು ಮಾಡಿಕೊಳ್ಳಲೇಬೇಕು ಎಂದು ಹೊರಟ ಒಬ್ಬ ಹುಡುಗಿ ಇದ್ದರು. ಈ ವಾರ ಅವರ ಕಥೆ ಹೇಳುತ್ತೇನೆ.

ಅವರ ಹೆಸರು ಪ್ಯಾಟ್ರೀಶಿಯಾ ಮೂರ್. ಅಮೆರಿಕದವರು. ಅಜ್ಜ-ಅಜ್ಜಿಯ ಜೊತೆ ಒಂದೇ ಮನೆಯಲ್ಲಿ ಬೆಳೆದವರು. 1979ರಲ್ಲಿ ನ್ಯೂಯಾರ್ಕಿನ ಹೆಸರಾಂತ ವಿನ್ಯಾಸದ ಕಚೇರಿಯೊಂದರಲ್ಲಿ ಕೆಲಸದಲ್ಲಿದ್ದರು, ಆಗ ವಯಸ್ಸು ಇಪ್ಪತ್ತಾರು. ಒಂದು ದಿನ ಹೊಸ ಫ್ರಿಜ್ ಹೇಗಿರಬೇಕೆಂದು ಎಲ್ಲರೂ ಕೂತು ಮಾತಾಡುತ್ತಿದ್ದಾಗ ಇವರು ಒಂದು ಪ್ರಶ್ನೆ ಕೇಳಿದರು: ಕೈಗಂಟು ನೋವಿರುವವರೂ ಸುಲಭವಾಗಿ ತೆಗೆಯುವ ಹಾಗೆ ಬಾಗಿಲ ಹಿಡಿ ಮಾಡಬಹುದಲ್ಲವೇ? ಅಂಥವರಿಗಾಗಿ ನಾವು ವಸ್ತು ಮಾಡುವುದಿಲ್ಲ ಎಂಬ ಉತ್ತರ ಬಂತಂತೆ. ಇದನ್ನು ಮೂರ್ ಅವರೇ ಮುಂದೆ ಹಲವು ಸಲ ಹೇಳಿದ್ದಾರೆ.

ಅವರು ಅಲ್ಲಿಗೇ ಸುಮ್ಮನಾಗಲಿಲ್ಲ. ತಾವೇ ಮುದುಕಿಯಾಗಿ ನೋಡಲು ತೀರ್ಮಾನಿಸಿದರು. ಟಿವಿ ಕಾರ್ಯಕ್ರಮಗಳಿಗೆ ಬಣ್ಣ ಹಚ್ಚುವ ಕಲಾವಿದೆಯೊಬ್ಬರು ಮುಖಕ್ಕೆ ಸುಕ್ಕು ಮೂಡಿಸಿಕೊಟ್ಟರು. ತಲೆಗೆ ಬಿಳಿ ಕೂದಲ ಟೋಪನ್ ಬಂತು. ಬರೀ ವೇಷವಾಗಿದ್ದರೆ ನಾಟಕ ಅನ್ನಬಹುದಿತ್ತು. ಇವರು ಮಂಡಿ ಮಡಿಸಲಾಗದಂತೆ ಕಾಲಿಗೆ ಪಟ್ಟಿ ಕಟ್ಟಿದರು, ಬೆರಳ ಗಂಟುಗಳಿಗೆ ಟೇಪು ಸುತ್ತಿ ಮೇಲೆ ಕೈಗವಸು ಹಾಕಿದರು, ಕಿವಿಗೆ ಮೇಣ ತುಂಬಿದರು, ಕಣ್ಣಿಗೆ ಮಬ್ಬು ಕನ್ನಡಕ ಇಟ್ಟರು. ಒಂದು ಎತ್ತರ ಒಂದು ತಗ್ಗಿನ ಚಪ್ಪಲಿ ಮೆಟ್ಟಿ, ಕೋಲು ಊರಿಕೊಂಡು ಹೊರಟರು.

ಒಂದು ದಿನವಲ್ಲ, ಎರಡು ದಿನವಲ್ಲ. 1979ರಿಂದ 1982ರವರೆಗೆ, ಅಮೆರಿಕ ಮತ್ತು ಕೆನಡಾದ ನೂರಕ್ಕೂ ಹೆಚ್ಚು ಊರುಗಳಲ್ಲಿ ಆಗಾಗ ಈ ವೇಷದಲ್ಲೇ ಓಡಾಡಿದರು. ಒಮ್ಮೆ ಸಿರಿವಂತ ಮನೆಯ ಅಜ್ಜಿ, ಇನ್ನೊಮ್ಮೆ ಬೀದಿಯಲ್ಲೇ ಮಲಗುವ ಅಜ್ಜಿ.

ಏನು ಕಂಡಿತು ಗೊತ್ತೇ? ಒಂದು ಅಂಗಡಿಗೆ ಅಜ್ಜಿಯಾಗಿ ಟೈಪ್‌ರೈಟರ್ ರಿಬ್ಬನ್ ಕೊಳ್ಳಲು ಹೋದಾಗ ಅಂಗಡಿಯವನು ಸಿಡುಕಿದ. ವೇಷ ಕಳಚಿ ಅದೇ ಅಂಗಡಿಗೆ ಹೋದಾಗ ಅವನೇ ನಗುನಗುತ್ತಾ ಮಾತಾಡಿಸಿದ. ನ್ಯೂಯಾರ್ಕಿನ ಬೀದಿಯಲ್ಲಿ ಪುಂಡ ಹುಡುಗರ ಗುಂಪೊಂದು ಅವರನ್ನು ಹೊಡೆದು ಕೆಡವಿತು. ಬಿದ್ದ ಪೆಟ್ಟು ಸಣ್ಣದಲ್ಲ. ನನಗೆ ಈ ಭಾಗ ಓದಿದಾಗಲೆಲ್ಲ ಹೊಟ್ಟೆ ತೊಳಸುತ್ತದೆ.

ಮನುಷ್ಯರ ಮಾತು ಹಾಗಿರಲಿ, ವಸ್ತುಗಳ ಮಾತಿಗೆ ಬರೋಣ. ಮೂರ್ ಅವರ ಮೈಯಲ್ಲಿ ಯಾವ ರೋಗವೂ ಇರಲಿಲ್ಲ, ಇದ್ದದ್ದು ಪಟ್ಟಿ ಮತ್ತು ಟೇಪು ಅಷ್ಟೇ. ಅಷ್ಟಕ್ಕೇ ಬಸ್ಸಿನ ಮೆಟ್ಟಿಲು ಬೆಟ್ಟವಾಯಿತು, ಬಾಗಿಲು ಹಟಮಾರಿಯಾಯಿತು. ಹಾಗಾದರೆ ತಪ್ಪು ಯಾರದು? ಕೈಯದೋ, ಬಾಗಿಲಿನದೋ?

ಬಾಗಿಲಿನದು ಎನ್ನುವ ಶಾಸ್ತ್ರವೇ ಇದೆ. ಎರ್ಗೊನಾಮಿಕ್ಸ್ ಅಂತ. ಗ್ರೀಕ್ ಭಾಷೆಯಲ್ಲಿ ಎರ್ಗೊನ್ ಎಂದರೆ ಕೆಲಸ, ನೊಮೋಸ್ ಎಂದರೆ ನಿಯಮ. ವಸ್ತುವಿಗೆ ಮೈಯನ್ನು ಬಗ್ಗಿಸುವ ಬದಲು ಮೈಗೆ ತಕ್ಕಂತೆ ವಸ್ತುವನ್ನು ಮಾಡುವುದು ಅದರ ಕೆಲಸ. ಶಾಲೆಯ ಬೆಂಚಿನಲ್ಲಿ ಕಾಲು ನೆಲಕ್ಕೆ ಎಟುಕದೆ ಜೋತಾಡಿಸಿ ಕೂತವರಿಗೆ ಇದು ಬೇಗ ಅರ್ಥವಾಗುತ್ತದೆ.

ಬಾಗಿಲನ್ನೇ ತೆಗೆದುಕೊಳ್ಳಿ. ಕೆಲವು ಬಾಗಿಲಿಗೆ ಗುಂಡು ಹಿಡಿ ಇರುತ್ತದೆ. ಅದರ ನಡುವಿನಿಂದ ಅಂಚಿಗೆ ಸುಮಾರು ಎರಡೂವರೆ ಸೆಂಟಿಮೀಟರ್. ಇನ್ನು ಕೆಲವಕ್ಕೆ ಉದ್ದ ಹಿಡಿ, ಸುಮಾರು ಹತ್ತು ಸೆಂಟಿಮೀಟರ್. ತಿರುಗುವ ಜಾಗದಿಂದ ನಾಲ್ಕು ಪಟ್ಟು ದೂರದಲ್ಲಿ ಒತ್ತಿದರೆ ಕಾಲು ಭಾಗ ಬಲ ಸಾಕು. ವಿಜ್ಞಾನದ ಪಾಠದಲ್ಲಿ ಬರುವ ಸನ್ನೆ ಇದೇ. ಗುಂಡು ಹಿಡಿಯನ್ನು ಬೆರಳಲ್ಲಿ ಹಿಸುಕಿ ಹಿಡಿಯಲೇಬೇಕು, ಉದ್ದ ಹಿಡಿಯನ್ನು ಮೊಣಕೈಯಿಂದಲೂ ಒತ್ತಬಹುದು. ಎರಡು ಕೈಯಲ್ಲೂ ತರಕಾರಿ ಚೀಲ ಇದ್ದಾಗ ನಿಮಗೂ ಅದೇ ಬೇಕು!

ಇನ್ನೊಂದು ಕಥೆ ಅಡುಗೆಮನೆಯದು. ಸ್ಯಾಮ್ ಫಾರ್ಬರ್ ಎಂಬವರು ಪಾತ್ರೆ-ಪರಡಿಯ ವ್ಯಾಪಾರದಿಂದ ನಿವೃತ್ತರಾಗಿ ಹೆಂಡತಿ ಬೆಟ್ಸಿಯ ಜೊತೆ ಫ್ರಾನ್ಸಿನಲ್ಲಿ ರಜೆ ಕಳೆಯುತ್ತಿದ್ದರು. ಬೆಟ್ಸಿಯವರ ಕೈಗೆ ಸಂಧಿವಾತ. ಸೇಬಿನ ಸಿಪ್ಪೆ ಹೆರೆಯಲು ಆ ತೆಳು ಲೋಹದ ಪೀಲರ್ ಹಿಡಿದು ಪಡುತ್ತಿದ್ದ ಪಾಡನ್ನು ಗಂಡ ನೋಡಿದರು. ನಮ್ಮ ಗಂಡಸರೂ ಅಡುಗೆಮನೆಯಲ್ಲಿ ಒಂದಿಷ್ಟು ಹೊತ್ತು ನಿಂತು ನೋಡಿದರೆ ಏನೇನು ಆವಿಷ್ಕಾರವಾಗುತ್ತಿತ್ತೋ! ಅದಿರಲಿ. ಫಾರ್ಬರ್ ನ್ಯೂಯಾರ್ಕಿನ ವಿನ್ಯಾಸಗಾರರ ಬಳಿ ಹೋದರು. ಅವರು ಮಾದರಿಯ ಮೇಲೆ ಮಾದರಿ ಮಾಡಿದರು. ಒಂದು ಮಾದರಿಗಂತೂ ಸೈಕಲ್ ಹ್ಯಾಂಡಲ್ಲಿನ ರಬ್ಬರ್ ಹಿಡಿಯನ್ನೇ ಸಿಕ್ಕಿಸಿದ್ದರು.

ಕೊನೆಗೆ ಬಂದದ್ದು ದಪ್ಪ, ಮೆತ್ತನೆಯ ಕಪ್ಪು ಹಿಡಿಯ ಪೀಲರ್. ದಪ್ಪ ಇರುವುದರಿಂದ ಬೆರಳನ್ನು ಪೂರ್ತಿ ಮುದುರಿ ಹಿಸುಕಬೇಕಾಗಿಲ್ಲ. ಗುಂಡಗಿರದೆ ಮೊಟ್ಟೆಯಾಕಾರ ಇರುವುದರಿಂದ ಒದ್ದೆ ಕೈಯಲ್ಲೂ ಹೊರಳುವುದಿಲ್ಲ. ಹೆಬ್ಬೆರಳು ಕೂರುವಲ್ಲಿ ತೆಳ್ಳನೆ ಗೀರುಗಳಿದ್ದು, ಒತ್ತಿದರೆ ಬಾಗುತ್ತವೆ. 1990ರಲ್ಲಿ ಆಕ್ಸೊ ಎಂಬ ಹೆಸರಿನಲ್ಲಿ ಅದು ಅಂಗಡಿಗೆ ಬಂತು. ಕೈನೋವಿನವರಿಗೆಂದು ಮಾಡಿದ್ದನ್ನು ಕೈ ಗಟ್ಟಿ ಇದ್ದವರೂ ಕೊಂಡುಕೊಂಡರು.

ನಮ್ಮ ಈಳಿಗೆ ಮಣೆಯೂ ಈ ಲೆಕ್ಕದಲ್ಲಿ ಜಾಣ ವಸ್ತುವೇ. ಕತ್ತಿಯನ್ನು ಹಿಡಿಯುವ ಕೆಲಸ ಮಣೆಯದು, ಮಣೆಯನ್ನು ಒತ್ತಿ ಹಿಡಿಯುವುದು ಕಾಲು. ಎರಡು ಕೈಯೂ ಕುಂಬಳಕಾಯಿಗೆ ಬಿಡುವು. ಬೆರಳಿಗೆ ಎಷ್ಟು ಸುಖ! ಆದರೆ ನೆಲದ ಮೇಲೆ ಕೂತು ಏಳಲು ಮಂಡಿಯನ್ನು ಕೇಳಬೇಕಲ್ಲ? ಹಾಗಾಗಿ ನಮ್ಮದು ಈಗ ಅಟ್ಟದ ಮೇಲಿದೆ.

ಈ ಕಥೆ ಹೇಳಿ ಮುಗಿಸಿದ ಮೇಲೆ ಮೊಮ್ಮಗನ ಬಲಗೈಯ ಒಂದೊಂದು ಬೆರಳಿನ ಗಂಟಿಗೂ ಬ್ಯಾಂಡ್ ಏಡ್ ಸುತ್ತಿ (ಬಿಗಿಯಾಗಿ ಅಲ್ಲ, ಬೆರಳು ಮಡಿಸಲು ತುಸು ಕಷ್ಟವಾಗುವಷ್ಟು) ಮೇಲೆ ಉಣ್ಣೆಯ ಕೈಗವಸು ಹಾಕಿದೆ. ಅಂಗಿಯ ಗುಂಡಿ ಹಾಕು ಅಂದೆ. ಮೂರನೇ ಗುಂಡಿಗೆ ಬೆವರಿದ. ಶೂ ಲೇಸು ಕಟ್ಟು ಅಂದೆ. ಆಗಲೇ ಇಲ್ಲ. ಉಪ್ಪಿನಕಾಯಿ ಬಾಟಲಿ ಕೈಗೆ ಕೊಟ್ಟೆ. ಅದನ್ನು ತೊಡೆಯ ನಡುವೆ ಸಿಕ್ಕಿಸಿಕೊಂಡು ಒದ್ದಾಡಿ, "ಅಜ್ಜಿ, ಇದನ್ನೆಲ್ಲ ಯಾವಾಗ ಬಿಚ್ಚೋದು?" ಅಂದ. ನೀವೂ ಮಾಡಿ ನೋಡಿ. ಮನೆಯಲ್ಲಿ ಯಾವ ಯಾವ ವಸ್ತು ನಿಮ್ಮನ್ನು ಸೋಲಿಸಿತು ಎಂದು ಒಂದು ಚೀಟಿಯಲ್ಲಿ ಬರೆದು ಅಜ್ಜಿಗೋ ಅಜ್ಜನಿಗೋ ತೋರಿಸಿ. ಅವರ ಪಟ್ಟಿಯೂ ಅದೇ ಇದೆಯಾ ಕೇಳಿ.

ಮರುದಿನ ನಮ್ಮ ಪೀಲರ್ ಕಾಣೆಯಾಗಿತ್ತು. ಸಂಜೆ ಸಿಕ್ಕಿತು, ಅದರ ಹಿಡಿಗೆ ಇವನ ಹಳೆಯ ಸೈಕಲ್ಲಿನ ಕೆಂಪು ರಬ್ಬರ್ ತೊಡಿಸಿಯಾಗಿತ್ತು. ಒಳಗೆ ಸಡಿಲವಾಗದಂತೆ ಬಟ್ಟೆ ಚೂರು ಬೇರೆ ತುರುಕಿದ್ದ. ಸೋಪು ಹಾಕಿ ಮೂರು ಸಲ ತೊಳೆಸಿದೆ. ಸೀಮೆಬದನೆಕಾಯಿ ಹೆರೆಯಲು ಚೆನ್ನಾಗಿದೆ. ಬಟ್ಟೆ ಮಾತ್ರ ಒದ್ದೆಯಾಗಿ ವಾಸನೆ ಬರುತ್ತದೆ, ಬೇರೇನಾದರೂ ಹುಡುಕಬೇಕು ಅಂತ ಇಬ್ಬರೂ ಯೋಚಿಸುತ್ತಿದ್ದೇವೆ.