ಕಡತ ಕಳೆದವರು ಯಾರು?

ದಲಿತರಿಗೆ ಮಂಜೂರಾದ ಭೂಮಿ ಪರರ ಪಾಲಾಗದಿರಲೆಂದು 1978ರಲ್ಲಿ ಪಿಟಿಸಿಎಲ್ ಕಾಯ್ದೆ ಬಂತು. 1984ರಲ್ಲಿ ಸುಪ್ರೀಂ ಕೋರ್ಟು ಅದನ್ನು ಎತ್ತಿಹಿಡಿಯಿತು. ಅರ್ಜಿಗೆ ಕಾಲಮಿತಿ ಇಲ್ಲವೆಂದು 2023ರಲ್ಲಿ ತಿದ್ದುಪಡಿಯೂ ಆಯಿತು. ಆದರೆ ಕಾಗದ ಎಲ್ಲಿದೆ?

ಎಸಿ, ಡಿಸಿ ಅರ್ಜಿ ವಜಾ ಮಾಡಿದರು ಅಂತ ಹೈಕೋರ್ಟಿಗೆ ಹೋದರೆ ಅಲ್ಲೂ ಅದೇ ಪ್ರಶ್ನೆ: 'ಮೂಲ ಮಂಜೂರಾತಿ ಎಲ್ಲಿ?' ತಾಲ್ಲೂಕು ಕಚೇರಿ ಕೊಡೋದು ಒಂದು ಹಿಂಬರಹ: 'ಕಡತ ಲಭ್ಯವಿಲ್ಲ.' ಸಾಗುವಳಿ ಚೀಟಿ ಬರೆದದ್ದು ಸರ್ಕಾರ, ಕಡತ ಕಾಯಬೇಕಾದದ್ದೂ ಸರ್ಕಾರ. ದಂಡ ಮಾತ್ರ ಜೀತದಾಳಿನ ಮಗನಿಗೆ! ಗೆದ್ದಲು ತಿಂತಂತೆ. ಧಣಿಯ ಕ್ರಯಪತ್ರ ಮುಟ್ಟದೆ ನಮ್ಮ ಚೀಟಿಯನ್ನೇ ಹುಡುಕಿ ತಿನ್ನೋ ಗೆದ್ದಲಿಗೂ ಜಾತಿ ಗೊತ್ತೇನು?

ಮೇಷ್ಟ್ರೇ, ಗೆಳೆಯರೇ, ಊರಿನವರ ಜೊತೆ ಕಚೇರಿಗೆ ಹೋಗಿ. ಬಾಯಿಮಾತಿನ 'ಇಲ್ಲ' ನಂಬಬೇಡಿ. ಬರೆಸಿಕೊಳ್ಳಿ, ಕೋರ್ಟಿನ ಮುಂದಿಡಿ. ಕಳೆದವರೇ ಉತ್ತರ ಕೊಡಲಿ.